ಮಂಕರಿಯಡಿಯ ಎಂಟು ತಿಂಗಳು

ಕೆಂಚ ಎಂಬ ಹುಂಜ ಒಂದು ಅಂಗಳದಲ್ಲಿ ದಿನಾ ಬೆಳಗ್ಗೆ ಕೂಗುವ ನೌಕರಿಯಲ್ಲಿತ್ತು. ಒಮ್ಮೆ ಮೊಟ್ಟೆಯೊಂದು ಕಾಣೆಯಾಯಿತೆಂದು ಮೇಲಧಿಕಾರಿ ಹೆಬ್ಬಾತು ಕೆಂಚನನ್ನು ಅಮಾನತು ಮಾಡಿತು. ಮೇಲೊಂದು ಮಂಕರಿ ಕವುಚಿ, ಕೂಗಕೂಡದೆಂದು ಅಪ್ಪಣೆ ಕೊಟ್ಟಿತು. ಎಂಟು ತಿಂಗಳ ವಿಚಾರಣೆ ಮುಗಿಯುವ ಹೊತ್ತಿಗೆ ಮೊಟ್ಟೆ ಹೆಬ್ಬಾತಿನ ಹೊಟ್ಟೆಯಡಿಯಲ್ಲೇ ಸಿಕ್ಕಿತು.

ಮಂಕರಿ ಎತ್ತುವಾಗ ಹೆಬ್ಬಾತಿಗೆ ನಾಚಿಕೆಯೇನೂ ಆಗಲಿಲ್ಲ. "ನೀನು ನಿರ್ದೋಷಿ. ನಾಳೆಯಿಂದ ಕೂಗು. ಆದರೆ ಈ ಎಂಟು ತಿಂಗಳು ಸೇವೆಗೆ ಸೇರುವುದಿಲ್ಲ. ಒಂದು ದಿನವೂ ನೀನು ಕೂಗಿಲ್ಲವಲ್ಲ," ಎಂದಿತು.

"ಕೂಗಬೇಡ ಅಂದವರು ನೀವೇ ಅಲ್ಲವೇ?"

"ಅಂದೆ. ನೀನು ಕೂಗಲಿಲ್ಲ. ಅದನ್ನೇ ಬರೆದಿದ್ದೇನೆ."

ಆ ಎಂಟು ತಿಂಗಳು ಹೋದರೆ ಮೊನ್ನೆ ಮೊನ್ನೆ ಜುಟ್ಟು ಮೂಡಿದ ಹುಂಜವೊಂದು ಕೆಂಚನಿಗಿಂತ ಹಿರಿಯನೆನಿಸಿ ಗೂಡಿನ ಮೇಲಿನ ಗಳುವೇರಿ ಕೂರುವುದು ಖಂಡಿತವಾಗಿತ್ತು. ಕೆಂಚ ನ್ಯಾಯಸ್ಥಾನಕ್ಕೆ ಓಡಿತು. ನ್ಯಾಯಾಧೀಶ ಆಮೆ ಎಲ್ಲವನ್ನೂ ಕೇಳಿ ತಲೆದೂಗಿತು. "ಘೋರ ಅನ್ಯಾಯ. ಆದ್ದರಿಂದ ಹೆಬ್ಬಾತು ಈ ಮನವಿಯನ್ನು ಎಂಟು ವಾರದೊಳಗೆ ಪರಿಶೀಲಿಸತಕ್ಕದ್ದು," ಎಂದು ತೀರ್ಪು ಕೊಟ್ಟಿತು.

ಹೆಬ್ಬಾತು ಪರಿಶೀಲಿಸಿತು. ಎಂಟನೇ ವಾರದ ಕೊನೆಯ ದಿನ ಮನವಿಯನ್ನು ತಿರಸ್ಕರಿಸಿತು.

ಕೆಂಚ ಮತ್ತೆ ಆಮೆಯ ಮುಂದೆ ನಿಂತಿತು.

"ಪರಿಶೀಲಿಸಿ ಎಂದಿದ್ದೆ, ಪರಿಶೀಲಿಸಿದ್ದಾರೆ. ನನ್ನ ಆದೇಶ ಪಾಲನೆಯಾಗಿದೆ. ಇನ್ನೇನು ತಕರಾರು?" ಎಂದು ಆಮೆ ತಲೆಯನ್ನು ಚಿಪ್ಪಿನೊಳಗೆ ಎಳೆದುಕೊಂಡಿತು.

ಕೆಂಚ ಆ ಚಿಪ್ಪನ್ನು ಒಂದು ಸುತ್ತು ಹಾಕಿ ನೋಡಿತು.

"ತಕರಾರೇನಿಲ್ಲ ಸ್ವಾಮಿ. ತಾವೂ ಮಂಕರಿಯೊಳಗೇ ಕೂತಿದ್ದೀರಿ. ತಮ್ಮದು ಮಾತ್ರ ಸೇವೆಗೆ ಸೇರುತ್ತದೆ."