ಶುಷಾನ್ ಗುಡ್ಡಕ್ಕೆ ಹೆಸರು ಬಂದದ್ದು

ಆರ್ಮೇನಿಯಾದ ಬೆಟ್ಟಸೀಮೆಯಲ್ಲಿ ನಮ್ಮ ಅರ್ದವಾನ್ ಎಂಬ ಊರಿದೆ. ಅದರ ಬಡಗಣಕ್ಕೆ ನಿಂತಿರುವ ಬೋಳುಗುಡ್ಡವೇ ಶುಷಾನ್ ಗುಡ್ಡ. ತುದಿಯಲ್ಲಿ ಕೆಂಗಲ್ಲಿನ ಒಂದು ಇಗರ್ಜಿ. ಅದರ ಮಾಡು ಕುಸಿದು ಎಷ್ಟು ತಲೆಮಾರಾಯಿತೋ ಬಲ್ಲವರಿಲ್ಲ. ಬಿಸಿಲೇರಿದಾಗ ಕುರಿಗಳು ಒಳಗೆ ಹೋಗಿ ಮಲಗುತ್ತವೆ. ಗುಡ್ಡಕ್ಕೆ ಯಾರೋ ಸಂತಳ ಹೆಸರಿಟ್ಟಿದ್ದಾರೆಂದು ಹೊರಗಿನವರು ತಿಳಿಯುತ್ತಾರೆ. ಅವಳು ಸಂತಳೂ ಅಲ್ಲ, ಪಟ್ಟದ ರಾಣಿಯೂ ಅಲ್ಲ. ಹದಿನಾರು ವರ್ಷದ ಒಬ್ಬ ಹುಡುಗಿ.

ಹಿಂದೆ ಒಮ್ಮೆ ಈ ಸೀಮೆಯನ್ನು ವಾಸಕ್ ಎಂಬ ದೊರೆ ಆಳುತ್ತಿದ್ದನಂತೆ. ಬೆಳಿಗ್ಗೆ ಕುದುರೆಯೇರಿ ಹೊರಟರೆ ಅವನ ರಾಜ್ಯವನ್ನೆಲ್ಲ ಸುತ್ತಿ ಮಧ್ಯಾಹ್ನದ ಊಟಕ್ಕೆ ಮನೆ ಸೇರಬಹುದಿತ್ತು. ಆದರೂ ಮೂಡಣದ ಅಮೀರನು ಅವನಿಗೆ 'ಶಾಹನ್‌ಶಾಹ', ಅಂದರೆ ರಾಜಾಧಿರಾಜ, ಎಂಬ ಬಿರುದು ಕೊಟ್ಟಿದ್ದ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು! ಪಡುವಣದ ಗ್ರೀಕ್ ಚಕ್ರವರ್ತಿಯಿಂದಲೂ ಒಂದು ಬಿರುದು ಬಂದರೆ ಗಡಿಯೂ ಭದ್ರ, ಹೆಸರಿಗೂ ಮೆರುಗು ಎಂದು ದೊರೆ ಆಸೆಪಟ್ಟ. ಚಕ್ರವರ್ತಿ ಒಪ್ಪಿದ, ಬದಲಿಗೆ ದೊರೆಯ ಮಗಳು ಶುಷಾನಳನ್ನು ತನ್ನ ದಂಡನಾಯಕನಿಗೆ ಕೊಡಬೇಕೆಂದ. ಎರಡು ಕಡೆಯವರೂ ಕ್ರೈಸ್ತರೇ. ಆದರೆ ಗ್ರೀಕರಿಗೆ ನಮ್ಮ ಮತ ತಪ್ಪು, ನಮಗೆ ಅವರದು ತಪ್ಪು. ದೊರೆ ಮಗಳನ್ನು ಕೊಟ್ಟ. ಗ್ರೀಕರು ಹುಡುಗಿಗೆ ಎರಡನೆಯ ಸಲ ದೀಕ್ಷಾಸ್ನಾನ ಮಾಡಿಸಿ ಥಿಯೊಡೋರಾ ಎಂದು ಹೆಸರಿಟ್ಟರು. ಇಲ್ಲಿ ನಮ್ಮ ಬಿಷಪ್ಪರು ಬಲಿಪೂಜೆಯಲ್ಲಿ ಓದುವ ಹೆಸರುಗಳ ಓಲೆಯಿಂದ ಶುಷಾನಳ ಹೆಸರನ್ನು ಹೊಡೆದುಹಾಕಿದರು. ಆ ಓಲೆಯಲ್ಲಿ ಹೆಸರಿಲ್ಲದೆ ಸತ್ತವರಿಗೆ ಪ್ರಾರ್ಥನೆಯಿಲ್ಲ, ಪ್ರಾರ್ಥನೆಯಿಲ್ಲದ ಆತ್ಮಕ್ಕೆ ನೆಲೆಯಿಲ್ಲ ಎಂಬುದು ಅಂದಿನವರ ನಂಬಿಕೆ.

ಎರಡನೆಯ ವರ್ಷವೇ ಶುಷಾನ್ ಹೆರಿಗೆಯಲ್ಲಿ ತೀರಿಕೊಂಡಳು. ತಾಯಿ ವಾನೇನಿ ಬಿಷಪ್ಪರ ಕಾಲು ಹಿಡಿದಳು. "ಒಂದೇ ಒಂದು ಸಲ ಅವಳ ಹೆಸರು ಓದಿ, ಸ್ವಾಮಿ."

"ಸತ್ತವಳು ಥಿಯೊಡೋರಾ, ತಾಯಿ. ಅವಳು ನಮ್ಮವಳಲ್ಲ" ಎಂದರು ಬಿಷಪ್ಪರು. ಕೊನೆಗೆ ಮನಸ್ಸು ಕರಗಿ ಒಂದು ದಾರಿ ಹೇಳಿದರು. ಇಗರ್ಜಿ ಕಟ್ಟಿಸಿದವರ ಶಾಸನವನ್ನು ವರ್ಷಕ್ಕೊಮ್ಮೆ ಕಲ್ಲಿನಲ್ಲಿದ್ದಂತೆಯೇ ಓದುವುದು ಪದ್ಧತಿ. ಅದರಲ್ಲಿ ಮಗಳ ಹೆಸರಿದ್ದರೆ ತಾವು ತಡೆಯುವುದಿಲ್ಲ ಎಂದರು. ಈ ಗುಡ್ಡದ ಇಗರ್ಜಿ ಎದ್ದದ್ದು ಹಾಗೆ.

ಒಂದು ಇಗರ್ಜಿಗೆ ಒಂದೇ ಶಾಸನಗಲ್ಲು. ಪದ್ಧತಿಯಂತೆ ದೊರೆಯ ಹೆಸರು ಮೊದಲು, ಬಿರುದುಗಳು ಆಮೇಲೆ, ಉಳಿದವರು ಕೊನೆಗೆ. ಅಳತೆ ಹಾಕಿದ ಕಲ್ಲುಕುಟಿಗ, "ಒಂದು ಬಿರುದು ಬಿಟ್ಟರೆ ಮಗಳ ಹೆಸರಿಗೆ ಜಾಗ ಸಿಗುತ್ತೆ, ಪ್ರಭು" ಎಂದನಂತೆ.

"ಯಾವುದನ್ನ ಬಿಡಲಿ? ಅಮೀರನದ್ದು ಬಿಟ್ಟರೆ ಅವನು ದಂಡೆತ್ತಿ ಬರ್ತಾನೆ. ಚಕ್ರವರ್ತಿಯದ್ದು ಬಿಡೋಣ ಅಂದರೆ, ಅದಕ್ಕೇ ಅಲ್ಲವೇನಯ್ಯ ಮಗಳನ್ನ ಕೊಟ್ಟದ್ದು!" ಎಂದು ದೊರೆ ಮುಖ ತಿರುಗಿಸಿದ. ಬಿರುದುಗಳು ಮುಗಿಯುವ ಹೊತ್ತಿಗೆ ಕಲ್ಲೂ ಮುಗಿಯಿತು. ಇದನ್ನು ಹೇಳುವಾಗಲೆಲ್ಲ ನನಗೆ ಆ ದೊರೆಯ ಮೇಲೆ ಸಿಟ್ಟು ಬರುತ್ತದೆ.

ವಾನೇನಿ ಬದುಕಿರುವವರೆಗೂ ದಿನವೂ ಗುಡ್ಡ ಹತ್ತಿದಳು ಎನ್ನುತ್ತಾರೆ. ಎಲ್ಲಿಗೆ ಎಂದು ಕುರುಬರು ಕೇಳಿದರೆ "ಶುಷಾನಳ ಹತ್ತಿರ" ಎನ್ನುತ್ತಿದ್ದಳಂತೆ. ಬರುಬರುತ್ತ ಅವರೂ "ಕುರಿ ಶುಷಾನ್ ಕಡೆ ಹೋಗಿದೆ" ಎನ್ನತೊಡಗಿದರು.

ಇಂದು ಹೋದವರಿಗೂ ಆ ಕಲ್ಲು ಕಾಣುತ್ತದೆ, ಕೆಳಗಿನ ಅಂಚಿನವರೆಗೂ ಬರೀ ಬಿರುದು. ಅದರ ಪೀಠದಲ್ಲಿ, ಮಂಡಿಯೂರಿದವರ ಕೈಗೆ ಎಟುಕುವಷ್ಟು ಎತ್ತರದಲ್ಲಿ, ಚೂರಿಯಿಂದ ಗೀಚಿದ ಪುಟ್ಟ ಪುಟ್ಟ ಶಿಲುಬೆಗಳು ಒತ್ತೊತ್ತಾಗಿವೆ. ವಾನೇನಿಗೆ ಅಕ್ಷರ ಬರುತ್ತಿರಲಿಲ್ಲ. ಹೋದ ವರ್ಷ ನೋಡಲು ಬಂದಿದ್ದ ಒಬ್ಬಾಕೆ, ಕುರಿ ಕಾಯುತ್ತಿದ್ದ ಮುದುಕನನ್ನು "ಶುಷಾನ್ ಅಂದರೆ ಯಾರಜ್ಜ?" ಎಂದು ಕೇಳಿದಳು. ಅವನು ಕೋಲಿನಿಂದ ನೆಲ ತಟ್ಟಿ, "ಯಾರೂ ಅಲ್ಲಮ್ಮ, ಈ ಗುಡ್ಡ" ಎಂದ.