ಬೆನ್ನುಕಲ್ಲು

ನಮ್ಮ ಮಾಳಕೋಡಿಯ ತೆಂಕು ತುದಿಯಲ್ಲಿ ಕಡಲಿಗೆ ಚಾಚಿಕೊಂಡಿರುವ ಕರಿಬಂಡೆಗೆ ಬೆನ್ನುಕಲ್ಲು ಎಂದು ಹೆಸರು. ಕರಾವಳಿಯಲ್ಲಿ ಬಂಡೆಗಳಿಗೇನೂ ಬರವಿಲ್ಲ, ಆದರೆ ಇಂಥದ್ದು ಇನ್ನೊಂದು ತೋರಿಸಿದವರ ಮುಂದೆ ನಾನು ಮೀಸೆ ಬೋಳಿಸುತ್ತೇನೆ. ಇದಕ್ಕೆ ಬಡಿದ ಅಲೆ ಸುಮ್ಮನೆ ಒಡೆಯುವುದಿಲ್ಲ, ಬಂದ ದಾರಿಯಲ್ಲೇ ಕಡಲಿಗೆ ಮರಳುತ್ತದೆ. ಬಂಡೆಯ ನೆತ್ತಿಯಲ್ಲಿ ಒಬ್ಬ ಆಳು ಅಂಗಾತ ಮಲಗುವಷ್ಟು ಉದ್ದದ ತಗ್ಗಿದೆ.

ಹಿಂದೆ ಒಮ್ಮೆ, ದಿಕ್ಸೂಚಿಯ ಹೆಸರನ್ನೂ ಈ ಕಡೆ ಕೇಳಿಲ್ಲದ ಕಾಲದಲ್ಲಿ, ಜಟ್ಟಿ ಖಾರ್ವಿ ಎಂಬ ತಾಂಡೇಲ ಎಂಟು ಜನರ ದೋಣಿ ನಡೆಸುತ್ತಿದ್ದನಂತೆ. ತಾಂಡೇಲನೆಂದರೆ ಸೂರ್ಯ, ಚುಕ್ಕಿ, ಗೂಡಿಗೆ ಮರಳುವ ಹಕ್ಕಿ ನೋಡಿ ದಾರಿ ಹೇಳುವ ಯಜಮಾನ. ನೀರಿನ ಮೇಲೆ ಅವನು ಕೂತೇ ತೂಕಡಿಸಬೇಕು. ಮಲಗಿದನೆಂದರೆ ಕಡಲಮ್ಮನಿಗೆ ಸೋತನೆಂದೇ ಅರ್ಥ, ಚುಕ್ಕಾಣಿ ಮುಂದಿನವನ ಕೈಗೆ. ಆ ಸಲ ದಡ ಕಾಣದ ದೂರದಲ್ಲಿ ಮಬ್ಬು ಕವಿಯಿತು. ಮೂರು ದಿನ ಸೂರ್ಯನಿಲ್ಲ, ಚುಕ್ಕಿಯಿಲ್ಲ, ಹಾಯಿಗೆ ಗಾಳಿಯಿಲ್ಲ. ಬಿಳಿ ಗೋಡೆಯ ಕೋಣೆಗೆ ನೂಕಿ ಬಾಗಿಲು ಜಡಿದಂತೆ, ಎಷ್ಟು ಹುಟ್ಟು ಹಾಕಿದರೂ ಅದೇ ಗೋಡೆ. ಕುಡಿಯುವ ನೀರು ಅರ್ಧ ಕೊಡ ಉಳಿದಿತ್ತು. ಇನ್ನೊಂದು ದಿನ ತಪ್ಪು ದಿಕ್ಕಿಗೆ ಹೋದರೆ ಎಂಟೂ ಜನ ಮುಗಿದಂತೆ.

ನಾಲ್ಕನೆಯ ಬೆಳಿಗ್ಗೆ ಜಟ್ಟಿ ದೋಣಿಯ ತಳದಲ್ಲಿ, ಮೂತಿಯ ಕಡೆ ತಲೆ ಹಾಕಿ, ಬರಿಬೆನ್ನಲ್ಲಿ ಅಂಗಾತ ಮಲಗಿಬಿಟ್ಟ. "ಎಂತ ಭಾವ, ಅಕ್ಕ ಚಾಪೆ ಹಾಸಿ ಕೊಟ್ಟಳಾ?" ಎಂದ ಅವನ ಹೆಂಡತಿಯ ತಮ್ಮ ಮಾಸ್ತಿ. ನಗುವ ತ್ರಾಣ ಯಾರಿಗೂ ಇರಲಿಲ್ಲ. ಕ್ರಮದಂತೆ ಮಾಸ್ತಿ ಚುಕ್ಕಾಣಿ ಹಿಡಿದು ದೋಣಿ ತಿರುಗಿಸಿದ. "ತಿರುಗಿಸ್ಬೇಡ ಮಾರಾಯ," ಎಂದ ಜಟ್ಟಿ, "ದೊಡ್ಡ ಅಲೆಯ ಅಡಿಗೆ ಒಂದು ಸಣ್ಣದು ತಲೆಯ ಕಡೆಯಿಂದ ಬೆನ್ನಿಗೆ ಬಡೀತಿತ್ತು. ಈಗ ಕಾಲಿನ ಕಡೆ ಹೋಯ್ತು. ಅದು ನಮ್ಮ ಕರಿಬಂಡೆ ವಾಪಸ್ ಕಳಿಸಿದ ಅಲೆ."

"ಮಲಗಿದ ತಾಂಡೇಲನ ಮಾತು ಕೇಳುವ ಕ್ರಮ ಇಲ್ಲ ಭಾವ."

"ಹಾಗಾದ್ರೆ ತಾಂಡೇಲ ನೀನೇ ಆಗು. ಕಡಲಮ್ಮನ ಆಣೆ, ನಾನು ಇನ್ನು ಚುಕ್ಕಾಣಿ ಮುಟ್ಟೂದಿಲ್ಲ. ಆ ಅಲೆಯನ್ನು ಮಾತ್ರ ನನ್ನ ತಲೆಯ ಕಡೆಗೆ ತಾ."

ಜೀವ ಬಿಟ್ಟರೂ ಆ ಪಟ್ಟ ಬಿಡುವವರಲ್ಲ ನಮ್ಮವರು. ಜಟ್ಟಿ ಅದನ್ನೇ ಬಿಟ್ಟದ್ದು ಕಂಡು ಮಾಸ್ತಿ ಚುಕ್ಕಾಣಿಯನ್ನು ಮರಳಿ ಮೊದಲಿನ ದಿಕ್ಕಿಗೆ ಎಳೆದ ಎನ್ನುತ್ತಾರೆ. ದೋಣಿ ತಿರುಗಿತು. ಸಂಜೆಯೊಳಗೆ ಮಬ್ಬನ್ನು ಸೀಳಿಕೊಂಡು ಕರಿಬಂಡೆ ಎದುರು ನಿಂತಿತು.

ಜಟ್ಟಿ ಆಣೆ ಮುರಿಯಲಿಲ್ಲ. ಉಳಿದ ಆಯುಷ್ಯವೆಲ್ಲ ಬಂಡೆಯ ಮೇಲೆಯೇ ಮಲಗಿದ. ದೋಣಿ ಇಳಿಸುವ ಮೊದಲು ಮಾಸ್ತಿ ಬಂದು, "ಭಾವ, ಅಲೆ ಹೇಗಿದೆ?" ಎಂದು ಕೇಳುತ್ತಿದ್ದನಂತೆ. ಇಂದು ನಮ್ಮ ಬೋಟುಗಳಲ್ಲಿ ಜಿಪಿಎಸ್ ಇದೆ, ಆದರೂ ಹೊಸ ತಾಂಡೇಲ ಜಟ್ಟಿಯ ಬೆನ್ನು ಸವೆಸಿದ ಈ ತಗ್ಗಿಗೆ ಬರಿಬೆನ್ನು ಕೊಡದೆ ಚುಕ್ಕಾಣಿ ಮುಟ್ಟುವುದಿಲ್ಲ. ಪ್ರವಾಸಿಗರೂ ಮಲಗಿ ಫೋಟೊ ತೆಗೆಸಿಕೊಳ್ಳುತ್ತಾರೆ, ಏನೂ ತಿಳಿಯಲಿಲ್ಲ ಎನ್ನುತ್ತಾರೆ. ಅವರ ಬೆನ್ನಿಗೆ ತಿಳಿಯುವುದೂ ಇಲ್ಲ. ತಗ್ಗಿನಲ್ಲಿ ತಲೆಯ ಗುರುತು ಯಾವ ಕಡೆಗಿದೆ ಎಂದು ಮಾತ್ರ ನೋಡಿ ಹೋಗಲಿ. ದೋಣಿಯಲ್ಲಿ ಊರಿನ ಕಡೆ ತಲೆಯಿಟ್ಟವನು, ಊರಿಗೆ ಬಂದ ಮೇಲೆ ಕಡಲಿನ ಕಡೆಗಿಟ್ಟಿದ್ದಾನೆ.