ಪಿನ್ನು ತರಲು ಹೋದವನು

ಹೊಳೆಯ ದಂಡೆಯಲ್ಲಿ ಒಂದು ಆಶ್ರಮ. ಆಶ್ರಮ ಅಂದರೆ ನಾಲ್ಕು ಕಂಬ, ಒಂದು ಹುಲ್ಲಿನ ಮಾಡು, ಒಂದು ಬೆಕ್ಕು.

ಬೆಕ್ಕಿನ ಜೊತೆಗೆ ಗುರುಗಳೂ ಇದ್ದರು.

ನಲವತ್ತು ವರ್ಷ ಅವರು ಕೊಡಗಿನ ಮನೆಮನೆಯ ಕೋವಿಗಳನ್ನು ರಿಪೇರಿ ಮಾಡಿದವರು. ಒಂದು ದಿನ ಅಂಗಡಿ ಮುಚ್ಚಿ, ಕಬ್ಬಿಣ ಉಜ್ಜುವ ಒಂದು ಅರ ಮಾತ್ರ ಹಿಡಿದುಕೊಂಡು ಇಲ್ಲಿ ಬಂದು ಕೂತರು. ಯಾಕೆ ಅಂತ ಕೇಳಿದವರಿಗೆ, "ಕಿವಿಗೆ ಸ್ವಲ್ಪ ರಜೆ ಬೇಕಿತ್ತು" ಅನ್ನುತ್ತಿದ್ದರು.

ಒಂದು ಬೆಳಿಗ್ಗೆ ದೇಚು ಬಂದಳು. ಹದಿನೇಳು ವರ್ಷ. ಒಂಬತ್ತನೇ ಕ್ಲಾಸಿನಲ್ಲಿ ಅವಳು ಶಾಲೆ ಬಿಟ್ಟಳೋ, ಶಾಲೆಯೇ ಅವಳನ್ನು ಬಿಟ್ಟಿತೋ, ಎರಡೂ ಕಡೆಯವರು ಇವತ್ತಿಗೂ ವಾದ ಮಾಡುತ್ತಾರೆ. ಹೆಡ್‌ಮಾಸ್ತರರ ಕೊಡೆಯೊಳಗೆ ಕಪ್ಪೆ ಇಟ್ಟಿದ್ದು ಮಾತ್ರ ಅವಳೇ.

ಕಂಕುಳಲ್ಲಿ ಒಂದು ಬಿಸ್ಕತ್ತಿನ ಡಬ್ಬಿ.

"ಗುರುಗಳೇ, ಬಿಸ್ಕತ್ತು ತಂದಿದೀನಿ."

ಗುರುಗಳು ಮುಚ್ಚಳ ತೆಗೆದರು. ಬೆಕ್ಕೂ ಇಣುಕಿತು. ಒಳಗೆ ಹಳೇ ಪೇಪರು, ಅದರ ಮೇಲೆ ಕಬ್ಬಿಣದ ತುಂಡುಗಳು. ಬೆಕ್ಕು ಬೇಜಾರಾಗಿ ಎದ್ದು ಹೋಯಿತು.

"ಜೋಡು ನಳಿಗೆ ಕೋವಿಯ ಹೊಟ್ಟೆ ಇದು," ಅಂದರು ಗುರುಗಳು. "ಗುಂಡಿಗೆ ಬಡಿಯೋ ಕುದುರೆ, ಸ್ಪ್ರಿಂಗು, ಎಲ್ಲಾ ಬಿಚ್ಚಿದಾರೆ. ನಳಿಗೆ ಎಲ್ಲಿ?"

"ಮನೆ ಗೋಡೆ ಮೇಲಿದೆ. ಅದು ಸರಿಯಾಗೇ ಇದೆ. ಈ ಕೆಳಗಿಂದು ಜೋಡಿಸೋದು ಕಲಿಸಿ. ಮನೇಲಿ ಕೂತು ನಾನೇ ಜೋಡಿಸ್ತೀನಿ."

"ಬಿಚ್ಚಿದ್ದು ಯಾರು?"

"ಅಪ್ಪ."

"ಹಾಗಾದರೆ ಬಿಚ್ಚಿದವನೇ ಜೋಡಿಸಲಿ."

"ಬಿಚ್ಚಿದವರು ಬಂದಿದ್ದರೆ ನಾನ್ಯಾಕೆ ನಿಮ್ಮ ಬೆಕ್ಕಿಗೆ ಮೋಸ ಮಾಡೋಕೆ ಬರ್ತಿದ್ದೆ?"

ನಕ್ಕಳು. ನಗು ಅರ್ಧಕ್ಕೇ ನಿಂತಿತು. ಆಮೇಲೆ ಎಲ್ಲವನ್ನೂ ಹೇಳಿದಳು.

ಏಳು ವರ್ಷದ ಹಿಂದೆ ಒಂದು ಬೆಳಿಗ್ಗೆ ಅವಳ ಅಪ್ಪ ಉತ್ತಯ್ಯ ಜಗಲಿಯಲ್ಲಿ ಪೇಪರು ಹಾಸಿ ಕೋವಿ ಬಿಚ್ಚಿದ. ಒಂದು ಪಿನ್ನು ಸವೆದಿತ್ತು. ಅದನ್ನು ಜೇಬಿಗೆ ಹಾಕಿಕೊಂಡು, "ಇಂಥದ್ದೇ ಒಂದು ತರ್ತೀನಿ, ಕಾಫಿ ಆರೋದ್ರೊಳಗೆ ಬಂದೆ" ಅಂದು ಹೊರಟ. ಲೋಟದಲ್ಲಿ ಅರ್ಧ ಕಾಫಿ ಇತ್ತು.

ಬರಲಿಲ್ಲ.

ಪೇಟೆಯ ಬಸ್ಸು ಹತ್ತಿದ್ದನ್ನು ಕಂಡವರಿದ್ದರು. ಇಳಿದದ್ದನ್ನು ಕಂಡವರಿಲ್ಲ. ಪೊಲೀಸರು ಹುಡುಕಿದರು. ಜೋಯಿಸರು ಕವಡೆ ಹಾಕಿದರು. ಹೆಣ ಸಿಗಲಿಲ್ಲ, ಕಾಗದವೂ ಬರಲಿಲ್ಲ.

"ಅವ್ವ ಇವತ್ತಿಗೂ ಬೆಳಿಗ್ಗೆ ಮೂರು ಲೋಟ ಕಾಫಿ ಹಾಕ್ತಾಳೆ," ಅಂದಳು ದೇಚು. "ಅವಳಿಗೊಂದು, ನನಗೊಂದು. ಮೂರನೇದು ಆರುತ್ತೆ. ಚೆಲ್ತಾಳೆ."

"ನೀನು ಕುಡಿಯೋದು ತಾನೇ?"

"ಒಂದು ಸಲ ಕುಡಿದೆ. ತಮಾಷೆಗೆ." ದೇಚು ಡಬ್ಬಿಯ ಅಂಚನ್ನು ಉಗುರಿನಿಂದ ಕೆರೆದಳು. "ಖಾಲಿ ಲೋಟ ನೋಡಿ ಅವ್ವ ಅಂಗಳಕ್ಕೆ ಓಡಿದಳು. ಗೇಟಿನ ತನಕ ಓಡಿದಳು. ಆಮೇಲೆ ಆ ತಮಾಷೆ ಮಾಡಲಿಲ್ಲ."

ಗುರುಗಳು ಡಬ್ಬಿಯಿಂದ ಒಂದು ತುಂಡು ಎತ್ತಿ ತಿರುಗಿಸಿ ನೋಡಿದರು.

"ಏಳು ವರ್ಷ ಇಲ್ಲದ ಅವಸರ ಈಗ ಯಾಕೆ?"

"ದೊಡ್ಡಪ್ಪ ಹೇಳಿದಾರೆ. ಈ ಸಲದ ಕೋವಿ ಪೂಜೆಗೆ ಮುಂಚೆ ಎರಡು ಗುಂಡು ಹಾರಿಸಿ ಮುಗಿಸೋಣ ಅಂತ."

ಆ ಸೀಮೆಯಲ್ಲಿ ಹಾಗೆ. ಮನೆಯಲ್ಲಿ ಗಂಡು ಮಗು ಹುಟ್ಟಿದರೆ ಆಕಾಶಕ್ಕೆ ಒಂದು ಗುಂಡು. ಯಾರಾದರೂ ಸತ್ತರೆ ಎರಡು, ಒಂದರ ಹಿಂದೆ ಒಂದು. ಗದ್ದೆಯಲ್ಲಿದ್ದವರು ಕೆಲಸ ನಿಲ್ಲಿಸಿ ಎಣಿಸುತ್ತಾರೆ. ಒಂದಾದರೆ ಮುಖ ಅರಳಿಸಿಕೊಂಡು ಬರುತ್ತಾರೆ. ಎರಡಾದರೆ ಮುಖ ಬಾಡಿಸಿಕೊಂಡು ಬರುತ್ತಾರೆ.

ಉತ್ತಯ್ಯನಿಗೆ ಆ ಎರಡು ಗುಂಡು ಇನ್ನೂ ಹಾರಿರಲಿಲ್ಲ.

"ನಿಮ್ಮ ದೊಡ್ಡಪ್ಪನ ಮನೇಲಿ ಕೋವಿ ಇಲ್ವಾ?"

"ಎರಡಿವೆ. ಆದರೆ ಅವ್ವನದು ಒಂದೇ ಹಟ. 'ಹಾರಿಸೋದಾದರೆ ಅವರ ಕೋವಿಯಿಂದಲೇ ಹಾರಲಿ' ಅಂತಾಳೆ."

ಗುರುಗಳು ಹೊಳೆಯ ಕಡೆ ನೋಡಿದರು.

"ನಿಮ್ಮವ್ವ ಜಾಣೆ."

"ಇದರಲ್ಲಿ ಜಾಣತನ ಏನು ಬಂತು?"

ಗುರುಗಳು ಡಬ್ಬಿಯ ಮುಚ್ಚಳ ಹಾಕಿದರು.

"ಗುರುಗಳೇ," ಅಂದಳು ದೇಚು, "ಅವ್ವ ಒಂದೇ ಸಲ ಅತ್ತುಬಿಡಲಿ. ದಿನಾ ಸ್ವಲ್ಪ ಸ್ವಲ್ಪ ಬೇಡ. ನನ್ನಿಂದ ನೋಡೋಕಾಗಲ್ಲ."

"ದಿನಕ್ಕೊಂದು ತುಂಡು ಕಲಿಸ್ತೀನಿ. ನಾಳೆ ಬಾ."

ಮೊದಲ ದಿನ ಸ್ಪ್ರಿಂಗು.

"ಇದು ಏನು ಮಾಡುತ್ತೆ?"

"ಎಗರುತ್ತೆ."

"ಎಗರೋದು ಒಂದು ಚಿಟಿಕೆ ಹೊತ್ತು. ಮಿಕ್ಕ ಹೊತ್ತು?"

"ಸುಮ್ಮನೆ ಬಿದ್ದಿರುತ್ತೆ."

"ತಪ್ಪು. ಮನೆಗೆ ಹೋಗಿ ಎಣ್ಣೆ ಹಚ್ಚಿ, ನೋಡಿ, ನಾಳೆ ಬಾ."

ಮಾರನೇ ದಿನವೂ ತಪ್ಪು. ಮೂರನೇ ದಿನ ದೇಚು ಅದನ್ನು ಎರಡು ಬೆರಳ ನಡುವೆ ಒತ್ತಿ ಹಿಡಿದುಕೊಂಡೇ ಬಂದಳು. ಮನೆಯಿಂದ ಹೊಳೆಯ ತನಕ ಒಂದೂವರೆ ಮೈಲಿ. ಬೆರಳು ಬಿಳಿಚಿತ್ತು.

"ತಡ್ಕೊಂಡಿರುತ್ತೆ," ಅಂದಳು.

"ಹೂಂ. ಮುಂದಿನ ತುಂಡು."

ಹೀಗೇ ನಡೆಯಿತು. ಹಾಗಂತ ದೇಚು ಸುಧಾರಿಸಿದಳು ಅಂತ ಯಾರೂ ತಿಳಿಯಬಾರದು. ಒಂದು ದಿನ ಡಬ್ಬಿಯೊಳಗೆ ತನ್ನ ಹೇರ್‌ಪಿನ್ನು ಸೇರಿಸಿಟ್ಟು, ಇದು ಎಲ್ಲಿ ಕೂರುತ್ತೆ ಅಂತ ಬಹಳ ಭಕ್ತಿಯಿಂದ ಕೇಳಿದಳು.

"ನಿನ್ನ ತಲೇಲಿ. ಅಲ್ಲಿ ಜಾಗ ಬೇಕಾದಷ್ಟಿದೆ," ಅಂದರು ಗುರುಗಳು.

ಇನ್ನೊಂದು ದಿನ ಅವರ ನಶ್ಯದ ಡಬ್ಬಿಗೆ ಮೆಣಸಿನಪುಡಿ ಬೆರೆಸಿದಳು. ಗುರುಗಳು ಹನ್ನೊಂದು ಸಲ ಸೀನಿದರು. ಬೆಕ್ಕು ಮಾಡು ಹತ್ತಿತು. "ಇವತ್ತಿನ ಪಾಠ ಮುಗೀತು," ಅಂದರು ಕಣ್ಣೊರೆಸಿಕೊಂಡು. ಮಾರನೇ ದಿನ ಅವಳಿಗೆ ಕೊಡುವ ತುಂಡನ್ನು ತುರಿಕೆ ಸೊಪ್ಪಿನಲ್ಲಿ ಸುತ್ತಿ ಕೊಟ್ಟರು. ಅವಳು ದಾರಿಯುದ್ದಕ್ಕೂ ಕೈ ಕೆರೆದುಕೊಂಡು ಹೋದಳು. ಲೆಕ್ಕ ಸರಿಹೋಯಿತು.

ತುಂಡುಗಳೆಲ್ಲ ಮುಗಿದವು. ಕಣ್ಣು ಮುಚ್ಚಿ ಮುಟ್ಟಿದರೂ ಯಾವುದು ಯಾವುದರ ಪಕ್ಕ ಅಂತ ದೇಚು ಹೇಳಬಲ್ಲಳು. ಆದರೆ ಕುದುರೆಗಳು ನಿಲ್ಲುತ್ತಿರಲಿಲ್ಲ. ಅವನ್ನು ಹಿಡಿದಿಡುವ ಪಿನ್ನು ಇರಲಿಲ್ಲ.

"ಅದೊಂದು ಮಾಡಿಕೊಡಿ ಗುರುಗಳೇ. ಅರ ಇದೆಯಲ್ಲ?"

"ಇದೆ."

"ಕಬ್ಬಿಣ?"

"ಅದೂ ಇದೆ."

"ಮತ್ತೆ?"

"ಅದನ್ನು ತರೋಕೆ ಆಗಲೇ ಒಬ್ಬ ಹೋಗಿದ್ದಾನಲ್ಲ."

ದೇಚುವಿನ ಬಾಯಿಗೆ ಯಾವ ತಮಾಷೆಯೂ ಬರಲಿಲ್ಲ. ಅಂಥ ದಿನ ಅವಳ ಬದುಕಿನಲ್ಲಿ ಕಮ್ಮಿ.

"ಅಜ್ಜಾ, ನೀವೂ ಅವ್ವನ ಥರಾನೇ," ಅಂದಳು. ಗುರುಗಳೇ ಅನ್ನುವುದನ್ನೂ ಮರೆತಳು. "ಹೋದವರು ಬರಲ್ಲ ಅಂತ ಊರಲ್ಲಿ ಹೇಳೋ ಧೈರ್ಯ ದೊಡ್ಡಪ್ಪನ್ನ ಬಿಟ್ಟರೆ ಒಬ್ಬರಿಗೂ ಇಲ್ಲ. ನಾನೇ ಮಾಡ್ಕೊತೀನಿ."

ಡಬ್ಬಿ ಎತ್ತಿಕೊಂಡಳು. ಅದರ ಜೊತೆಗೆ ಅರವನ್ನೂ ಎತ್ತಿಕೊಂಡಳು. ಗುರುಗಳು ನೋಡಿದರು. ನೋಡದವರ ಹಾಗೆ ಬೆಕ್ಕಿನ ತಲೆ ಸವರಿದರು.

ಮನೆಯಲ್ಲಿ ದೇಚು ತನ್ನ ಹಳೇ ಸೈಕಲ್ಲಿನ ಚಕ್ರದಿಂದ ಒಂದು ಕಡ್ಡಿ ಮುರಿದಳು. ಮುರಿದಳು, ಉಜ್ಜಿದಳು, ಕೂರಿಸಿ ನೋಡಿದಳು. ದಪ್ಪವಾಯಿತು. ಮತ್ತೆ ಉಜ್ಜಿದಳು. ಸಣ್ಣದಾಯಿತು. ಇನ್ನೊಂದು ಕಡ್ಡಿ ಮುರಿದಳು. ಆರು ಕಡ್ಡಿ ಹೋದವು. ಏಳನೆಯದು ಒಪ್ಪಿತು.

ಜಗಲಿಯಲ್ಲಿ ಅದೇ ಹಳೇ ಪೇಪರು ಹಾಸಿದಳು. ಅದರ ಮೇಲೆ ಲೋಟದ ತಳದ ಕಂದು ಬಳೆ ಇನ್ನೂ ಇತ್ತು. ಆ ಜಾಗ ಬಿಟ್ಟು ತುಂಡುಗಳನ್ನು ಇಟ್ಟಳು.

ಅವಳ ಅವ್ವ ಮುತ್ತವ್ವ ಬಾಗಿಲಿಗೆ ಬಂದು ನಿಂತಳು. ಮಾಡು ಅನ್ನಲಿಲ್ಲ, ಬೇಡ ಅನ್ನಲಿಲ್ಲ.

ಒಂದೊಂದೇ ಕೂತಿತು. ಕೊನೆಗೆ ಪಿನ್ನು. ದೇಚು ಕುದುರೆ ಎಳೆದು ಬಿಟ್ಟಳು.

ಟಿಕ್.

ಮುತ್ತವ್ವ ಚೌಕಟ್ಟು ಹಿಡಿದುಕೊಂಡಳು.

"ಈ ಸದ್ದು ಕೇಳಿ ಏಳು ವರ್ಷ ಆಯ್ತು. ಸರಿ ಆಯ್ತಾ?"

"ಆಯ್ತು ಅವ್ವ."

"ಪಿನ್ನು ಎಲ್ಲಿ ಸಿಕ್ತು?"

"ಸೈಕಲ್ ಕಡ್ಡಿ."

"ಸೈಕಲ್ ಕಡ್ಡಿ," ಅಂದಳು ಮುತ್ತವ್ವ. ಜಗಲಿಯ ಮೂಲೆಯಲ್ಲಿ ಬಿದ್ದಿದ್ದ ಸೈಕಲ್ಲನ್ನು ತುಂಬಾ ಹೊತ್ತು ನೋಡಿದಳು. "ಮನೇಲೇ ಇತ್ತಲ್ಲ. ಅವರಿಗೆ ಹೊಳೀಲಿಲ್ಲ ನೋಡು."

ಒಳಗೆ ಹೋದಳು.

ಗುರುಗಳು ಅವ್ವನನ್ನು ಜಾಣೆ ಅಂದದ್ದು ಯಾಕೆ ಅಂತ ದೇಚುವಿಗೆ ಆಗ ತಿಳಿಯಿತು. ಆ ಪಿನ್ನು ಇಲ್ಲದ ತನಕ ಕೋವಿ ಹಾರುತ್ತಿರಲಿಲ್ಲ. ಕೋವಿ ಹಾರದ ತನಕ ಅಪ್ಪ ಸತ್ತಿರಲಿಲ್ಲ. ಈಗ ಪಿನ್ನು ಕೂತಿತ್ತು, ಬಹಳ ಚೆನ್ನಾಗಿ ಕೂತಿತ್ತು. ದೊಡ್ಡಪ್ಪನಿಗೆ ಹೇಳಿಯೂ ಆಗಿತ್ತು.

ನಾಲ್ಕು ದಿನ ಕಳೆದ ಮೇಲೆ ದೇಚು ಹೊಳೆಗೆ ಬಂದಳು. ಕೈಯಲ್ಲಿ ಬಟ್ಟೆಯ ಗಂಟು. ಮೊದಲು ಅರವನ್ನು ಗುರುಗಳ ಮುಂದೆ ಇಟ್ಟಳು.

"ಕದ್ದಿದ್ದೆ."

"ಗೊತ್ತು. ಮೊನ್ನೆ ನಿಮ್ಮ ಕಡೆಯಿಂದ ಸದ್ದು ಕೇಳಿಸ್ತು. ಒಂದೇ. ಯಾರಿಗೆ ಮಗು?"

ದೇಚು ಇನ್ನೊಂದು ಕೈ ಬಿಚ್ಚಿದಳು. ಅಂಗೈಯಲ್ಲಿ ಹಾರಿಸದ ತೋಟಾ ಇತ್ತು.

"ದೊಡ್ಡಪ್ಪ ಎರಡು ಕೊಟ್ಟರು. ಎರಡೂ ಹಾಕಿದೆ. ಒಂದು ಹಾರಿಸಿದೆ. ಎರಡನೇದಕ್ಕೆ ಬೆರಳು ಇಟ್ಟೆ. ಆಗ ಅವ್ವನ್ನ ನೋಡಿದೆ."

"ಅಳ್ತಿದ್ದಳಾ?"

"ಇಲ್ಲ. ಕಿವೀನೂ ಮುಚ್ಚಿರಲಿಲ್ಲ. ದಾರಿ ನೋಡ್ತಿದ್ದಳು. ಆ ಸದ್ದು ಕೇಳಿ ಯಾರೋ ತಿರುಗಿ ಬರ್ತಾರೆ ಅನ್ನೋ ಥರ."

ಹೊಳೆ ಹರಿಯುತ್ತಿತ್ತು.

"ತೋಟಾ ತೆಗೆದುಬಿಟ್ಟೆ. ಪಿನ್ನು ಕೈಕೊಟ್ಟಿತು ಅಂದೆ ದೊಡ್ಡಪ್ಪನಿಗೆ."

"ಕೈಕೊಟ್ಟಿತಾ?"

"ಇಲ್ಲ."

"ಆಮೇಲೆ?"

"ಆಮೇಲೆ ಏನು! ಊರಿಗೇ ಊರೇ ಬಂತು. ಒಂದು ಗುಂಡು ಅಲ್ವಾ? ಗದ್ದೆ ಕೆಸರಿನ ಕಾಲಲ್ಲೇ ಬೆಲ್ಲ, ಬಾಳೆಹಣ್ಣು ಹಿಡ್ಕೊಂಡು ಬಂದರು. ಪಕ್ಕದ ಮನೆ ಬೊಳ್ಳಜ್ಜಿ ನನ್ನ ಹೊಟ್ಟೆ ನೋಡಿದಳು. ಅವ್ವನ ಹೊಟ್ಟೆ ನೋಡಿದಳು. ಕೊನೆಗೆ ದೊಡ್ಡಪ್ಪನ ಹೊಟ್ಟೆ ನೋಡಿ, 'ಇದು ಇನ್ನೂ ಒಳಗೇ ಇದೆಯಲ್ಲೋ ಸೋಮಯ್ಯ' ಅಂದಳು."

ಗುರುಗಳು ನಕ್ಕರು. ಬೆಕ್ಕು ಎಚ್ಚರವಾಗಿ ಮತ್ತೆ ಮಲಗಿತು.

"ಅವ್ವ?"

"ನಕ್ಕಳು. ಕೈ ಬಾಯಿಗೆ ಅಡ್ಡ ಹಿಡಿದು ನಕ್ಕಳು. ನಗ್ತಾ ನಗ್ತಾನೇ ಅತ್ತುಬಿಟ್ಟಳು. ಅಷ್ಟು ಅತ್ತಿದ್ದು ನಾನು ನೋಡಿರಲೇ ಇಲ್ಲ. ಆಮೇಲೆ ಎದ್ದು ಬಂದವರಿಗೆಲ್ಲ ಕಾಫಿ ಇಟ್ಟಳು. ಲೋಟ ಸಾಲಲಿಲ್ಲ."

ದೇಚು ತೋಟಾವನ್ನು ಒಂದು ಕೈಯಿಂದ ಇನ್ನೊಂದು ಕೈಗೆ ಹಾಕಿಕೊಂಡಳು.

"ಅಪ್ಪನ ಲೋಟದಲ್ಲೂ ಕೊಟ್ಟಳು. ಬೊಳ್ಳಜ್ಜಿ ಬಿಸಿಬಿಸಿ ಕುಡಿದಳು."

"ಮಾರನೇ ಬೆಳಿಗ್ಗೆ?"

"ಮತ್ತೆ ಮೂರು ಲೋಟ." ಸ್ವಲ್ಪ ತಡೆದು ಹೇಳಿದಳು, "ಆದರೆ ಮೂರನೇದನ್ನ ಆರೋಕೆ ಬಿಡಲಿಲ್ಲ. ನನ್ನ ಕಡೆ ತಳ್ಳಿದಳು. 'ಕುಡಿ' ಅಂದಳು. ಕುಡಿದೆ."

ಗುರುಗಳು ಅರವನ್ನು ಒರೆಸಿ ಪಕ್ಕಕ್ಕಿಟ್ಟರು.

"ಗುರುಗಳೇ, ಕಾಯ್ತಾ ಇರೋದು ಅವ್ವ ಒಬ್ಬಳೇ ಅಂದ್ಕೊಂಡಿದ್ದೆ ನಾನು." ದೇಚು ಮೂಗು ಒರೆಸಿಕೊಂಡು, "ನಿಮ್ಮ ನಶ್ಯದ ಘಾಟು ಇನ್ನೂ ಹೋಗಿಲ್ಲ ಇಲ್ಲಿಂದ," ಅಂದಳು.

"ಹೂಂ. ಘಾಟೇ ಇರಬೇಕು."

ಅವಳು ಗಂಟು ಬಿಚ್ಚಿದಳು. ಕೋವಿಯ ಹೊಟ್ಟೆ, ಇಡಿಯಾಗಿ. ಹೊಳೆಯ ಬಿಸಿಲಿಗೆ ಸೈಕಲ್ ಕಡ್ಡಿಯ ತುದಿ ಮಿನುಗಿತು.

"ಮುಂದಿನ ವಾರ ಪೂಜೆ. ದೊಡ್ಡಪ್ಪ ಮತ್ತೆ ಕೇಳ್ತಾರೆ. ಈ ಪಿನ್ನು ತೆಗೆದು ಹೊಳೆಗೆ ಎಸೆದುಬಿಡಲಾ? ಮೊದಲಿನ ಹಾಗೇ ಇರಲಿ. ಇಲ್ಲಾ, ಎರಡನೇದನ್ನೂ ಹಾರಿಸಿ ಮುಗಿಸಲಾ? ನೀವೇ ಹೇಳಿ."

ಗುರುಗಳು ಅದನ್ನು ಮಡಿಲಿಗೆ ತೆಗೆದುಕೊಂಡರು. ಕುದುರೆ ಎಳೆದರು. ಟಿಕ್. ಇನ್ನೊಂದು ಎಳೆದರು. ಟಿಕ್. ಅರ ತೆಗೆದುಕೊಂಡು, ಕಡ್ಡಿಯ ಚೂಪಾದ ತುದಿಯನ್ನು ಯಾರ ಕೈಗೂ ತಾಗದ ಹಾಗೆ ಎರಡೇ ಸಲ ಉಜ್ಜಿದರು. ಊದಿ ಪುಡಿ ಹಾರಿಸಿದರು.

ಅದನ್ನು ಅವಳ ಕೈಗೆ ಕೊಟ್ಟು ಹೇಳಿದರು:

"ಸದ್ಯಕ್ಕೆ ಈ ಕಡ್ಡಿ ತಡೆಯುತ್ತೆ. ಅಸಲು ಪಿನ್ನು ಬಂದ ದಿನ ಬದಲಾಯಿಸು."